ಹಟ್ಟಿಗೆ ಮರಳಿದವರು

ಯುದ್ಧದ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ಸೈನ್ಯ ಗಡಿ ದಾಟಿದ ದಿನದಿಂದ ಆರಂಭಿಸಿ ಶರಣಾಗತಿಯ ದಿನಕ್ಕೆ ಲೇಖನಿಯನ್ನು ಕೆಳಗಿಡುತ್ತಾರೆ. ಅದು ಅನುಕೂಲವಾದ ಪದ್ಧತಿ, ತಪ್ಪೆಂದು ಹೇಳಲಾಗದು. ಆದರೆ ಆ ಯುದ್ಧದ ನೆರಳಿನಲ್ಲಿ ಬಾಲ್ಯವನ್ನೋ ಯೌವನವನ್ನೋ ಕಳೆದವರನ್ನು ಕೇಳಿದರೆ ಅವರು ಹೇಳುವ ತಾರೀಖುಗಳೇ ಬೇರೆ. ಮನೆ ಬಿಟ್ಟು ಹೊರಟ ರಾತ್ರಿ, ಮರಳಿ ಬಂದ ದಿನ, ಬಂದಾಗ ಓಣಿಯಲ್ಲಿ ಯಾವ ಯಾವ ಮನೆಯ ಬಾಗಿಲು ಮುಚ್ಚಿತ್ತು ಎಂಬ ಲೆಕ್ಕ—ಇವು ಅವರ ಚರಿತ್ರೆ. ಹೈದರಾಬಾದು ಸಂಸ್ಥಾನದ ಕೊನೆಯ ವರ್ಷವನ್ನು ಕುರಿತು ನಮ್ಮಲ್ಲಿ ಸಾಕಷ್ಟು ಪುಸ್ತಕಗಳಿವೆ. ಓಣಿಯ ಲೆಕ್ಕ ಮಾತ್ರ ಇನ್ನೂ ಬರೆಯಬೇಕಾಗಿದೆ. ಲಿಂಗಸುಗೂರು ತಾಲ್ಲೂಕಿನ ಹಟ್ಟಿಯನ್ನು ಮುಂದಿಟ್ಟುಕೊಂಡು ಆ ಲೆಕ್ಕದ ಒಂದೆರಡು ಪುಟಗಳನ್ನಾದರೂ ಓದಬಹುದೇ ಎಂದು ಇಂದು ನೋಡೋಣ.

ಹಟ್ಟಿ ಎಂದೊಡನೆ ಎಲ್ಲರಿಗೂ ನೆನಪಾಗುವುದು ಚಿನ್ನ. ಕೋಲಾರದ ಗಣಿಗಳು 2001ರಲ್ಲಿ ಮುಚ್ಚಿದ ಮೇಲಂತೂ ದೇಶದ ಚಿನ್ನದ ಗಣಿಯೆಂದರೆ ಹಟ್ಟಿಯೇ ಎಂಬಂತಾಯಿತು. ಆದರೆ ಈ ಊರಿಗೆ ಇನ್ನೊಂದು ಲಕ್ಷಣವುಂಟು: ಜನ ಬಿಟ್ಟುಹೋಗಿ ಮತ್ತೆ ಬಂದು ಸೇರುವುದು ಇಲ್ಲಿ ಬಹು ಹಳೆಯ ಸಂಗತಿ. ಬಂಡೆಗೆ ಬೆಂಕಿಯಿಟ್ಟು ಕಾಯಿಸಿ, ಮೇಲೆ ನೀರು ಸುರಿದು ಸೀಳುತ್ತ ಸೀಳುತ್ತ ಪ್ರಾಚೀನ ಗಣಿಗಾರರು ಇಲ್ಲಿ ಆರು ನೂರು ಅಡಿಗಳಿಗೂ ಹೆಚ್ಚು ಆಳಕ್ಕೆ ಇಳಿದಿದ್ದರು. ಆ ಹಳೆಯ ಸುರಂಗಗಳಲ್ಲಿ ಸಿಕ್ಕ ಮರದ ತುಂಡುಗಳ ವಯಸ್ಸನ್ನು ವಿಜ್ಞಾನಿಗಳು ಸುಮಾರು ಎರಡು ಸಾವಿರ ವರ್ಷವೆಂದು ಗೊತ್ತುಮಾಡಿದ್ದಾರೆ. ಅವರು ಯಾವಾಗಲೋ ಬಿಟ್ಟುಹೋದರು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಆಂಗ್ಲ ಕಂಪನಿ ಬಂದಿತು. 1920ರಲ್ಲಿ ಅದೂ ಗಣಿ ಮುಚ್ಚಿ ಹೋಯಿತು. ಕೊನೆಗೆ 1947ರಲ್ಲಿ ‘ಹೈದರಾಬಾದ್ ಗೋಲ್ಡ್ ಮೈನ್ಸ್ ಕಂಪನಿ’ ಎಂಬ ಸಂಸ್ಥೆ ಹುಟ್ಟಿಕೊಂಡಿತು. 1947! ಭರತಖಂಡವೇ ಇಬ್ಭಾಗವಾಗುತ್ತಿದ್ದ ಕಾಲದಲ್ಲಿ, ತಾನು ಯಾವ ಭಾಗಕ್ಕೂ ಸೇರುವುದಿಲ್ಲವೆಂದು ಹೊರಟ ಒಂದು ಸಂಸ್ಥಾನ ತನ್ನ ಚಿನ್ನದ ಗಣಿಯನ್ನು ನೆನಪಿಸಿಕೊಂಡಿತು ಎಂಬುದನ್ನು ಕೇವಲ ಕಾಕತಾಳೀಯವೆನ್ನಬೇಕೋ ಏನೋ, ಶ್ರೋತೃಗಳೇ ಯೋಚಿಸಲಿ.

ಕೃಷ್ಣಾ ತುಂಗಭದ್ರೆಗಳ ನಡುವಿನ ಈ ದೋಆಬು ಸೈನ್ಯಗಳಿಗೆ ಹೊಸತಲ್ಲ. ಬಹಮನಿ, ವಿಜಯನಗರ, ಆದಿಲಶಾಹಿ ಸೇನೆಗಳು ಮುದಗಲ್ಲಿನ ಕೋಟೆಗಾಗಿ ಎಷ್ಟು ಸಾರಿ ಕಾದಾಡಿದುವೆಂಬುದನ್ನು ಶಾಲೆಯ ಮಕ್ಕಳೂ ಬಲ್ಲರು. ಕೃಷ್ಣದೇವರಾಯನು 1520ರಲ್ಲಿ ರಾಯಚೂರನ್ನು ಗೆದ್ದ ಕಥೆಯಂತೂ ಮನೆಮಾತು. ಹತ್ತಿರದ ಮಸ್ಕಿಯಲ್ಲಿ ಅಶೋಕನ ಹೆಸರನ್ನೇ ಹೊತ್ತ ಶಾಸನವಿದೆ. 1915ರಲ್ಲಿ ಅದನ್ನು ಕಂಡವನು ಚಿನ್ನ ಹುಡುಕುತ್ತಿದ್ದ ಬೀಡನ್ ಎಂಬ ಗಣಿ ಎಂಜಿನಿಯರು. ಮಸ್ಕಿಯನ್ನು ಕುರಿತ ಭಾಷಣಗಳಲ್ಲಿ ಕಳಿಂಗ ಯುದ್ಧದ ಪಶ್ಚಾತ್ತಾಪದ ಮಾತು ತಪ್ಪದೆ ಬರುತ್ತದೆ. ಆ ಪಶ್ಚಾತ್ತಾಪ ಮಸ್ಕಿಯ ಬಂಡೆಯ ಮೇಲಿಲ್ಲ, ಬೇರೆ ಶಾಸನದಲ್ಲಿದೆ ಎಂಬುದನ್ನು ಮಾತ್ರ ಇಲ್ಲಿ ಹೇಳಿ ಮುಂದೆ ಹೋಗುತ್ತೇನೆ.

1853ರಲ್ಲಿ ನಿಜಾಮನು ತನ್ನ ಸಾಲದ ಬಾಬ್ತು ದೋಆಬನ್ನು ಆಂಗ್ಲರಿಗೆ ಒಪ್ಪಿಸಿದನು. 1860ರಲ್ಲಿ ಅದು ಅವನಿಗೆ ಮರಳಿ ಬಂದಿತು. ಲಿಂಗಸುಗೂರಿನಲ್ಲಿ ದಂಡಿನ ಛಾವಣಿ ನಿಂತಿತು. ಕೆಲಕಾಲ ಅದು ಜಿಲ್ಲೆಯ ಮುಖ್ಯ ಪಟ್ಟಣವೂ ಆಗಿದ್ದು, 1905ರಲ್ಲಿ ರಾಯಚೂರಿನೊಳಗೆ ಕರಗಿತು. ಹೀಗೆ ಈ ನಾಡಿನ ಜನ ಯಜಮಾನರು ಬದಲಾಗುವುದನ್ನು ಕಂಡವರೇ. ಆದರೆ 1947-48ರ ವರ್ಷ, ಅಂದರೆ ಅಂದಿನ ಕಚೇರಿಯ ಕಾಗದಗಳಲ್ಲಿ ಬರೆಯುತ್ತಿದ್ದ 1357ನೆಯ ಫಸಲಿ, ಹಿಂದಿನ ಯಾವುದರಂತೆಯೂ ಇರಲಿಲ್ಲ. ಹಿಂದಿನ ಕಾದಾಟಗಳು ಕೋಟೆಯ ಮುಂದೆ ನಡೆದವು. ಇದು ಓಣಿಯೊಳಕ್ಕೆ ಬಂದಿತು.

ಸಂಗತಿಗಳು ತಿಳಿದವೇ ಆದ್ದರಿಂದ ಸಂಗ್ರಹವಾಗಿ ಹೇಳುತ್ತೇನೆ. 1947ರ ಜೂನ್ ತಿಂಗಳಲ್ಲಿ ಮೀರ್ ಉಸ್ಮಾನ್ ಅಲಿಖಾನರು ತಾವು ಸ್ವತಂತ್ರರಾಗಿಯೇ ಉಳಿಯುವುದಾಗಿ ಸಾರಿದರು. ಆಗಸ್ಟಿನಲ್ಲಿ ಸ್ವಾಮಿ ರಾಮಾನಂದ ತೀರ್ಥರ ನೇತೃತ್ವದ ಸ್ಟೇಟ್ ಕಾಂಗ್ರೆಸ್ಸು ಭಾರತವನ್ನು ಸೇರುವ ಚಳವಳಿಯನ್ನು ಹೂಡಿತು. ನವೆಂಬರ್ 29ರಂದು ಒಂದು ವರ್ಷದ ಯಥಾಸ್ಥಿತಿ ಒಪ್ಪಂದವಾಯಿತು. ಕಾಸಿಂ ರಜ್ವಿಯ ಕೈಕೆಳಗಿನ ರಜಾಕಾರರು ಆ ಅವಧಿಯಲ್ಲಿ ಸಂಸ್ಥಾನದ ಊರೂರಿಗೂ ವ್ಯಾಪಿಸಿದರು. ಬೀದರ ಜಿಲ್ಲೆಯ ಗೋರ್ಟಾದಲ್ಲಿ 1948ರ ಮೇ ತಿಂಗಳಲ್ಲಿ ನಡೆದ ಕಗ್ಗೊಲೆಯ ಸುದ್ದಿ ಕನ್ನಡ ಜಿಲ್ಲೆಗಳಲ್ಲೆಲ್ಲ ಹಬ್ಬಿತು. ಅವರ ಕತ್ತಿಗೆ ಬಲಿಯಾದವರೆಲ್ಲ ಹಿಂದೂಗಳೇ ಎಂದು ತಿಳಿಯಬಾರದು. ಭಾರತದೊಡನೆ ಸೇರುವುದೇ ಸರಿಯೆಂದು ಬರೆದ ‘ಇಮ್ರೋಜ್’ ಉರ್ದು ಪತ್ರಿಕೆಯ ತರುಣ ಸಂಪಾದಕ ಶೋಯೆಬುಲ್ಲಾ ಖಾನರನ್ನು ಅದೇ ಆಗಸ್ಟಿನಲ್ಲಿ ಹೈದರಾಬಾದಿನ ಬೀದಿಯಲ್ಲಿ ಕೊಂದರು.

ಹಳ್ಳಿಗಳಲ್ಲಿ ಆ ಬೇಸಗೆ ಹೇಗಿತ್ತು? ಗಡಿಯಾಚೆಯ ಸರಕು ನಿಂತುಹೋಗಿ ಉಪ್ಪು, ಸೀಮೆ ಎಣ್ಣೆಗಳು ದುರ್ಲಭವಾದವು. ಧಾನ್ಯದ ಲೆವಿ ಒಂದು ಕಡೆ, ಊರ ಹೊರಗೆ ಬಂದಿಳಿಯುವ ಗುಂಪುಗಳ ಭಯ ಇನ್ನೊಂದು ಕಡೆ. ಉಳ್ಳವರು ಮೊದಲು ಹೊರಟರು, ಅನಂತರ ಇಲ್ಲದವರೂ. ನದಿಗಳೆರಡರ ನಡುವಿನ ಈ ನಾಡಿನಿಂದ ಪಶ್ಚಿಮಕ್ಕೆ ನಡೆದರೆ ಮುಂಬಯಿ ಪ್ರಾಂತದ ಇಳಕಲ್ಲು, ಗಜೇಂದ್ರಗಡ; ದಕ್ಷಿಣಕ್ಕೆ ತುಂಗಭದ್ರೆಯನ್ನು ದಾಟಿದರೆ ಮದರಾಸು ಪ್ರಾಂತದ ಕಂಪ್ಲಿ. ಅಲ್ಲಿಯೂ ಕನ್ನಡದ ಊರುಗಳೇ, ಬೀಗರ ಮನೆಗಳೇ. ನಡುವೆ ಮಾತ್ರ ನಿಜಾಮ ಸರ್ಕಾರದ ಕರೋಡಗಿರಿ ನಾಕೆಗಳು.

ಹಟ್ಟಿಯ ಹಳೆಯ ಊರಿನಿಂದ ಹಾಗೆ ಹೊರಟ ಕುಟುಂಬವೊಂದರ ಹುಡುಗ ನನಗೆ ಪರಿಚಿತರಾದ ಹಿರಿಯರು. ಆಗ ಅವರಿಗೆ ಹದಿಮೂರು ವರ್ಷ. ಈಗ ತೊಂಬತ್ತರ ಹತ್ತಿರ. ಹೆಸರು ಹೇಳುವುದು ಅವರಿಗಿಷ್ಟವಿಲ್ಲ. ತಂದೆ ಊರಲ್ಲೇ ಉಳಿದು, ತಾಯಿ ಮತ್ತು ಮೂವರು ಮಕ್ಕಳನ್ನು ಬಂಡಿಯಲ್ಲಿ ಇಳಕಲ್ಲಿಗೆ ಕಳುಹಿಸಿದರಂತೆ. ಲಿಂಗಸುಗೂರು, ಮುದಗಲ್ಲುಗಳ ದೊಡ್ಡ ದಾರಿಯನ್ನು ಬಿಟ್ಟು ಹೊಲದ ದಾರಿಯಲ್ಲಿ ಹೋಗಬೇಕಾಯಿತು. ಹಗಲು ಹಳ್ಳದ ದಡದಲ್ಲಿ ಅಡಗಿದ್ದು ರಾತ್ರಿ ನಡೆಯುವುದು. ಎತ್ತುಗಳ ಕೊರಳ ಗೆಜ್ಜೆಯನ್ನು ಬಿಚ್ಚಿ ತಾಯಿ ಉಡಿಯಲ್ಲಿ ಕಟ್ಟಿಕೊಂಡಿದ್ದರು. ಅದೆಲ್ಲಕ್ಕಿಂತ ಅವರ ಮನಸ್ಸಿನಲ್ಲಿ ಗಟ್ಟಿಯಾಗಿ ನಿಂತದ್ದು ಒಂದು ಸಣ್ಣ ಸಂಗತಿ. ಮನೆಯ ಎದುರಿಗೆ ಪಿಂಜಾರರ ಮನೆ. ಹೊಸ ಗಾದಿಗೆಂದು ತಾಯಿ ಅವರಿಗೆ ಅರಳೆ ಕೊಟ್ಟಿದ್ದರು. ಅದನ್ನು ಹಿಂಜುವ ಬಿಲ್ಲಿನ ಸದ್ದು ಹೊರಡುವ ದಿನದ ಸಂಜೆಯವರೆಗೂ ಕೇಳುತ್ತಿತ್ತು. ಯಾವ ದಾರಿಯಲ್ಲಿ ರಜಾಕಾರರ ತುಕಡಿ ಇದೆ, ಯಾವ ದಾರಿ ಬಯಲಾಗಿದೆ ಎಂದು ತಂದೆಗೆ ಬಂದು ತಿಳಿಸಿದವನೂ ಆ ಪಿಂಜಾರನೇ. ಅರಳೆ ಅಲ್ಲಿಯೇ ಉಳಿಯಿತು. ಕೂಲಿಯನ್ನು ಬಂದಮೇಲೆ ಕೊಡುವುದೆಂದಾಯಿತು.

ಈ ಸೀಮೆಯಲ್ಲಿ ‘ಕ್ಯಾಂಪು’ ಎಂಬ ಮಾತನ್ನು ಕೇಳಿದಾಗಲೆಲ್ಲ ಯಾವ ಕ್ಯಾಂಪು ಎಂದು ಮರುಪ್ರಶ್ನೆ ಹಾಕಬೇಕಾಗುತ್ತದೆ. ಲಿಂಗಸುಗೂರಿನ ದಂಡಿನ ಬೀಡು ಒಂದು. 1947-48ರಲ್ಲಿ ಗಡಿಯುದ್ದಕ್ಕೂ ನಿಂತ ಹೋರಾಟದ ಕ್ಯಾಂಪುಗಳು ಎರಡನೆಯವು. ಮುಂಡರಗಿಯಲ್ಲಿ ಅಳವಂಡಿ ಶಿವಮೂರ್ತಿಸ್ವಾಮಿಯವರು, ಗಜೇಂದ್ರಗಡದಲ್ಲಿ ಪುಂಡಲೀಕಪ್ಪ ಜ್ಞಾನಮೋಠೆಯವರು ನಡೆಸಿದ ಶಿಬಿರಗಳು ಹೆಸರಾದವು. ಅಲ್ಲಿಯ ತರುಣರು ಕರೋಡಗಿರಿ ನಾಕೆಗಳನ್ನೂ ಪೊಲೀಸು ಠಾಣೆಗಳನ್ನೂ ಮುತ್ತಿದರು, ಸಂಸ್ಥಾನದ ಆದಾಯಕ್ಕೆ ಪೆಟ್ಟು ಕೊಡಲು ಈಚಲ ಮರಗಳನ್ನು ಕಡಿದರು. ಹಟ್ಟಿಯವರ ಬಾಯಲ್ಲಿ ಕ್ಯಾಂಪು ಎಂದರೆ ಕಂಪನಿಯ ವಸತಿ, ಹಳೆಯ ಊರಿನಿಂದ ಬೇರೆಯಾದ ಓರಣದ ಬಡಾವಣೆ. 1953ರಲ್ಲಿ ತುಂಗಭದ್ರೆಗೆ ಅಣೆಕಟ್ಟು ಬಿದ್ದು ಎಡದಂಡೆಯ ಕಾಲುವೆ ಸಿಂಧನೂರಿನ ಕರಿಯ ನೆಲಕ್ಕೆ ನೀರು ತಂದಮೇಲೆ, ಆಂಧ್ರದಿಂದ ಬಂದ ರೈತರು ಕಟ್ಟಿಕೊಂಡ ಹೊಸ ಊರುಗಳೂ ಕ್ಯಾಂಪುಗಳಾದವು. ಐದನೆಯದನ್ನು ಆಮೇಲೆ ಹೇಳುತ್ತೇನೆ. ಒಂದೊಂದು ಕ್ಯಾಂಪಿನ ಹಿಂದೆಯೂ ಯಾರೋ ತಮ್ಮ ಊರನ್ನು ಬಿಟ್ಟು ಬಂದ ಕಥೆಯಿದೆ.

1948ರ ಸೆಪ್ಟೆಂಬರ್ 13ರ ನಸುಕಿನಲ್ಲಿ ಭಾರತದ ಸೇನೆ ಸೊಲ್ಲಾಪುರದ ಕಡೆಯಿಂದಲೂ ವಿಜಯವಾಡದ ಕಡೆಯಿಂದಲೂ ಸಂಸ್ಥಾನವನ್ನು ಪ್ರವೇಶಿಸಿತು. ನಮ್ಮ ಕಡೆ ಹೊಸಪೇಟೆಯ ಸಕ್ಕರೆ ಕಾರ್ಖಾನೆಯ ಬಳಿ ಮೈಸೂರಿನ ದಳವೂ, ತುಂಗಭದ್ರೆಯ ಸೇತುವೆಯ ಬಳಿ ಗೂರ್ಖಾ ಪಡೆಯೂ ಕಾದಿದವು. 17ರ ಸಂಜೆ ನಿಜಾಮರು ಬಾನುಲಿಯಲ್ಲಿ ಕದನವಿರಾಮವನ್ನು ಸಾರಿದರು. ಮರುದಿನ ಅವರ ಸೇನಾಪತಿ ಎಲ್ ಇದ್ರೂಸರು ಮೇಜರ್ ಜನರಲ್ ಚೌಧುರಿಯವರಿಗೆ ಶರಣಾದರು. ಐದು ದಿನದ ಈ ವ್ಯವಹಾರಕ್ಕೆ ‘ಪೊಲೀಸ್ ಕಾರ್ಯಾಚರಣೆ’ ಎಂದು ಹೆಸರು. ಪೊಲೀಸರು ಟ್ಯಾಂಕುಗಳನ್ನೇರಿ ಬರುವುದಿಲ್ಲವೆಂಬುದು ಹೆಸರಿಟ್ಟವರಿಗೂ ಗೊತ್ತಿತ್ತು. ಆದರೆ ಹೈದರಾಬಾದಿನ ದೂರು ಆಗಲೇ ವಿಶ್ವಸಂಸ್ಥೆಯ ಭದ್ರತಾ ಮಂಡಳಿಯ ಮುಂದೆ ಹೋಗಿತ್ತು. ಯುದ್ಧವೆಂದರೆ ಎರಡು ರಾಷ್ಟ್ರಗಳಿವೆಯೆಂದು ಒಪ್ಪಿದಂತಾಗುತ್ತಿತ್ತು. ಆದ್ದರಿಂದ ಆ ಶಬ್ದ ರಾಜನೀತಿಗೆ ಅಗತ್ಯವಾಯಿತು. ಅದರೊಳಗೆ ಸಿಕ್ಕಿಕೊಂಡವರಿಗೆ ಮಾತ್ರ ಅದು ಯುದ್ಧವೇ.

ಅಕ್ಟೋಬರಿನಲ್ಲಿ, ಜೋಳದ ಬಿತ್ತಿಗೆಯ ಹೊತ್ತಿಗೆ, ಆ ಹುಡುಗ ತಾಯಿಯೊಡನೆ ಹಟ್ಟಿಗೆ ಮರಳಿದನು. ತಂದೆ ಜೀವದಿಂದಿದ್ದರು. ಮನೆಯೂ ನೆಟ್ಟಗಿತ್ತು. ಎದುರಿನ ಮನೆಯ ಬಾಗಿಲಿಗೆ ಬೀಗವಿತ್ತು. ಹಿಂಜಿದ ಅರಳೆಯ ಗಂಟು ಮಾತ್ರ ಇವರ ಮನೆಯ ಪಡಸಾಲೆಯಲ್ಲಿತ್ತು. ಹೋಗುವ ಮುಂಚಿನ ದಿನ ಪಿಂಜಾರನು ತಂದಿಟ್ಟು, ಕೂಲಿಯನ್ನು ಕೇಳದೆ ಹೋದನೆಂದು ತಂದೆ ಹೇಳಿದರು. ಎಲ್ಲಿಗೆ ಹೋದರು? ಹೈದರಾಬಾದಿಗೆ ಎಂದು ಒಬ್ಬರು, ಸೊಲ್ಲಾಪುರಕ್ಕೆ ಎಂದು ಇನ್ನೊಬ್ಬರು. ಏಕೆ ಹೋದರು ಎಂಬುದನ್ನು ಯಾರೂ ಹುಡುಗನಿಗೆ ಹೇಳಲಿಲ್ಲ, ಅವನೂ ಕೇಳಲಿಲ್ಲ.

ನಮ್ಮ ಚರಿತ್ರೆಯ ಪುಸ್ತಕಗಳೂ ಬಹುಕಾಲ ಹಾಗೆಯೇ ಕೇಳದೆ ಉಳಿದವು. ವಿಜಯದ ಮರುವಾರಗಳಲ್ಲಿ ಸಂಸ್ಥಾನದ ಹಲವೆಡೆ ಮುಸಲ್ಮಾನರ ಮೇಲೆ ಸೇಡು ತೀರಿಸಿಕೊಳ್ಳುವ ಕೃತ್ಯಗಳು ನಡೆದವು. ರಜಾಕಾರರು ತಲೆತಪ್ಪಿಸಿಕೊಂಡಿದ್ದರು, ಪೆಟ್ಟು ಬಿದ್ದದ್ದು ಬಹಳ ಕಡೆ ಊರಿನಲ್ಲಿಯೇ ಉಳಿದಿದ್ದ ನೇಕಾರ, ಪಿಂಜಾರ, ರೈತರ ಮೇಲೆ. ಸುದ್ದಿ ದಿಲ್ಲಿಗೆ ಮುಟ್ಟಿ, ಪ್ರಧಾನಿ ನೆಹರೂ ಅವರ ಕೋರಿಕೆಯಂತೆ ಪಂಡಿತ ಸುಂದರಲಾಲರು, ಖಾಜಿ ಅಬ್ದುಲ್ ಗಫಾರರು, ಮೌಲಾನಾ ಅಬ್ದುಲ್ಲಾ ಮಿಸ್ರಿಯವರು 1948ರ ಕೊನೆಯಲ್ಲಿ ಸಂಸ್ಥಾನದಲ್ಲಿ ಸಂಚರಿಸಿ ವರದಿಯನ್ನು ಕೊಟ್ಟರು. ಅತ್ಯಂತ ಹೆಚ್ಚು ಹಾನಿಯಾದ ನಾಲ್ಕು ಜಿಲ್ಲೆಗಳೆಂದು ಅವರು ಹೆಸರಿಸಿದವು ಉಸ್ಮಾನಾಬಾದು, ಗುಲಬರ್ಗಾ, ಬೀದರ, ನಾಂದೇಡಗಳು. ಎರಡು ನಮ್ಮವೇ, ಅವುಗಳಲ್ಲಿ ಗುಲಬರ್ಗಾ ರಾಯಚೂರಿಗೆ ಕೃಷ್ಣೆಯಾಚೆಯ ನೆರೆ. ಕಾರ್ಯಾಚರಣೆಯ ಕಾಲದಲ್ಲಿ ಮತ್ತು ಅದರ ಅನಂತರ ಇಡೀ ಸಂಸ್ಥಾನದಲ್ಲಿ ಸತ್ತವರ ಸಂಖ್ಯೆ ಬಹು ಎಚ್ಚರಿಕೆಯಿಂದ ಎಣಿಸಿದರೂ 27 ಸಾವಿರದಿಂದ 40 ಸಾವಿರ ಎಂಬುದು ಅವರ ಅಂದಾಜು. ಈ ಅಂದಾಜಿನ ಬಗೆಗೆ ವಿದ್ವಾಂಸರಲ್ಲಿ ವಾದವಿದೆ, ಇರಲಿ. ಆದರೆ ವರದಿ ದಶಕಗಳ ಕಾಲ ಬೆಳಕು ಕಾಣದೆ, 2013ರ ಹೊತ್ತಿಗಷ್ಟೇ ದಿಲ್ಲಿಯ ಗ್ರಂಥಾಲಯವೊಂದರಲ್ಲಿ ಓದುಗರಿಗೆ ದೊರೆಯುವಂತಾಯಿತು ಎಂಬುದರಲ್ಲಿ ವಾದವಿಲ್ಲ.

ಆ ವರದಿಯಲ್ಲಿ ಇನ್ನೊಂದು ಮಾತುಂಟು, ಅದನ್ನು ಹೇಳದಿದ್ದರೆ ಅನ್ಯಾಯವಾದೀತು. ಅನೇಕ ಕಡೆ ಹಿಂದೂಗಳು ತಮ್ಮ ನೆರೆಯ ಮುಸಲ್ಮಾನರನ್ನು ಕಾಪಾಡಿದರು. ಅದರಲ್ಲಿಯೂ ಒಂದೇ ಕಸುಬಿನವರು ಒಬ್ಬರನ್ನೊಬ್ಬರು ಬಿಟ್ಟುಕೊಡಲಿಲ್ಲ. ಹಿಂದೂ ನೇಕಾರರು ಮುಸಲ್ಮಾನ ನೇಕಾರರ ರಕ್ಷಣೆಗೆ ನಿಂತು, ಕೆಲವರು ಅದಕ್ಕಾಗಿ ಪ್ರಾಣವನ್ನೇ ತೆತ್ತರು. ಮಗ್ಗದ ಗುಣಿಯ ಸ್ನೇಹ ಎಂಥದೆಂಬುದನ್ನು ಬಲ್ಲ ನಮ್ಮ ಕಡೆಯವರಿಗೆ ಇದು ಆಶ್ಚರ್ಯವೆನಿಸಲಾರದು.

ಹೀಗೆ ಒಂದೇ ವರ್ಷದಲ್ಲಿ ಎರಡು ಗುಳೆಗಳು. ಸೆಪ್ಟೆಂಬರಿಗೆ ಮೊದಲು ಗಡಿಯ ಕಡೆಗೆ ಹೋದವರು ಒಂದು ಬಗೆ, ಅನಂತರ ಗಡಿಯಿಂದ ಒಳಕ್ಕೆ, ದೊಡ್ಡ ಪಟ್ಟಣಗಳಿಗೆ ಹೋದವರು ಇನ್ನೊಂದು ಬಗೆ. ಮೊದಲನೆಯವರಲ್ಲಿ ಗಡಿ ಶಿಬಿರ ಸೇರಿದವರನ್ನು ಸರ್ಕಾರ ಸ್ವಾತಂತ್ರ್ಯ ಯೋಧರೆಂದು ಮನ್ನಿಸಿತು; ಅವರಿಗೆ ಗೌರವಧನ ದೊರೆಯಿತು, ಶಿಬಿರಗಳ ಪಟ್ಟಿಯಾಯಿತು, ಆ ನೆವದಿಂದ ಹೆಸರುಗಳು ಉಳಿದುಕೊಂಡವು. ಅದು ಯೋಗ್ಯವೇ. ಉಡಿಯಲ್ಲಿ ಗೆಜ್ಜೆ ಕಟ್ಟಿಕೊಂಡು ಮಕ್ಕಳನ್ನು ಗಡಿ ದಾಟಿಸಿದ ತಾಯಂದಿರ ಹೆಸರು ಯಾವ ಪಟ್ಟಿಯಲ್ಲಿಯೂ ಇಲ್ಲ. ಎದುರು ಮನೆಯ ಪಿಂಜಾರನದಂತೂ ಇರುವ ಸಂಭವವೇ ಇಲ್ಲ. 1956ರಲ್ಲಿ ರಾಯಚೂರು ಜಿಲ್ಲೆ ವಿಶಾಲ ಮೈಸೂರನ್ನು ಸೇರಿತು, ಕಂಪನಿ ಹೆಸರು ಬದಲಿಸಿ ಹಟ್ಟಿಯ ಹೆಸರನ್ನೇ ಪಡೆಯಿತು. 2019ರಿಂದ ನಮ್ಮ ಭಾಗಕ್ಕೆ ಕಲ್ಯಾಣ ಕರ್ನಾಟಕವೆಂಬ ಹೆಸರಾಗಿದೆ. ಪ್ರತಿವರ್ಷ ಸೆಪ್ಟೆಂಬರ್ 17ರಂದು ಧ್ವಜ ಏರುತ್ತದೆ, ಭಾಷಣಗಳಾಗುತ್ತವೆ. ನಾನೂ ಮಾಡಿದ್ದೇನೆ.

ಇನ್ನು ಆ ಐದನೆಯ ಕ್ಯಾಂಪು. ಸಿಂಧನೂರಿನ ಬಳಿ ಜವಳಗೇರಾದ ಕಡೆ ಪುನರ್ವಸತಿ ಕಾಲೋನಿಗಳಿವೆ. ಜನ ಅವುಗಳನ್ನೂ ಕ್ಯಾಂಪೆಂದೇ ಕರೆಯುತ್ತಾರೆ. ಪೂರ್ವ ಬಂಗಾಳವನ್ನು ಬಿಟ್ಟು ಬಂದ ಹಿಂದೂ ಕುಟುಂಬಗಳನ್ನು ಸರ್ಕಾರ ಇಲ್ಲಿ ನೆಲೆಗೊಳಿಸಿತು. ಹೊಳೆಗಳ ನಾಡಿನಲ್ಲಿ ಹುಟ್ಟಿದವರು ಈ ಎರೆಯ ನೆಲದಲ್ಲಿ ಕೆರೆ ತೋಡಿ ಮೀನು ಸಾಕಿದರು, ಭತ್ತ ಬೆಳೆದರು, ದುರ್ಗಾಪೂಜೆ ಮಾಡಿದರು. ಅವರ ಮಕ್ಕಳು ನಮ್ಮ ಸಂತೆಗಳಲ್ಲಿ ರಾಯಚೂರಿನ ಕನ್ನಡವನ್ನು ನಮಗಿಂತ ಚುರುಕಾಗಿ ಆಡುತ್ತಾರೆ. ಅಲ್ಲಿಯ ಮುದುಕರಿಗೂ ಒಂದೊಂದು ಓಣಿಯ ನೆನಪುಂಟು. ಇಳಕಲ್ಲಿನಿಂದ ಹಟ್ಟಿಗೆ ಬಂಡಿ ಕಟ್ಟಿಕೊಂಡು ಬರಬಹುದಾಗಿತ್ತು; ಅವರ ದಾರಿಗೆ ಅಂತರರಾಷ್ಟ್ರೀಯ ಗಡಿ ಅಡ್ಡವಿದೆ.

ನನ್ನ ಹಿರಿಯ ಮಿತ್ರರು ನೌಕರಿಯ ನಿಮಿತ್ತ ಇಪ್ಪತ್ತರ ವಯಸ್ಸಿಗೇ ಹಟ್ಟಿಯನ್ನು ಬಿಟ್ಟು ಹುಬ್ಬಳ್ಳಿಯಲ್ಲಿ ನೆಲಸಿದವರು. ಕೆಲವು ವರ್ಷಗಳ ಕೆಳಗೆ ಊರನ್ನು ನೋಡಬೇಕೆಂದು ಅವರಿಗೆ ಹಂಬಲವಾಗಿ, ನಾನು ಜೊತೆಗೆ ಹೋದೆನು. ಗಣಿಯ ಗೋಪುರಗಳು, ಪುಡಿಮಾಡಿ ಚೆಲ್ಲಿದ ಕಲ್ಲಿನ ಬಿಳಿಯ ದಿಬ್ಬಗಳು, ಪಾಳಿ ಬದಲಾದಾಗ ಕೂಗುವ ಸೈರನ್ನು—ಇವು ಯಾವುವೂ ಅವರ ಬಾಲ್ಯದ ಹಟ್ಟಿಯವಲ್ಲ. ಹಳೆಯ ಊರಿನಲ್ಲಿ ದಾರಿಯನ್ನು ಕಾಲೇ ಗುರುತಿಸಿತು. ತಮ್ಮ ಮನೆಯಿದ್ದ ಜಾಗದಲ್ಲಿ ಎರಡಂತಸ್ತಿನ ಕಟ್ಟಡ ನಿಂತಿರುವುದನ್ನು ಅವರು ಒಂದು ನಿಮಿಷವೂ ನೋಡಲಿಲ್ಲ. ತಿರುಗಿ ನಿಂತು ಎದುರಿನ ಮನೆಯ ಸುದ್ದಿಯನ್ನು ಕೇಳಿದರು. ಅಲ್ಲಿದ್ದವರು ಗಣಿಯ ಕೆಲಸಕ್ಕೆಂದು ಬಂದ ಹೊಸಬರು. ಮುಸಲ್ಮಾನರೇ, ಆದರೆ ಬೇರೆ ಜಿಲ್ಲೆಯವರು. ಚಹಾ ಕೊಟ್ಟರು. ಪಿಂಜಾರರ ಹೆಸರನ್ನು ಅವರು ಕೇಳಿರಲಿಲ್ಲ.

ಓಣಿಯ ಕೊನೆಯಲ್ಲಿ ಅಲಾಯಿ ಕುಣಿ ಇತ್ತು. ನಮ್ಮ ಸೀಮೆಯ ಮೊಹರಂ ಎಂಥದೆಂಬುದನ್ನು ಮುದಗಲ್ಲಿನ ಹುಸೇನಿ ಆಲಂ ನೋಡಿದವರಿಗೆ ವಿವರಿಸಬೇಕಾಗಿಲ್ಲ. ಅಲ್ಲಿ ಹರಕೆ ಹೊತ್ತು ಬರುವವರಲ್ಲಿ ಹಿಂದೂಗಳೇ ಅಸಂಖ್ಯ. ಹಟ್ಟಿಯ ಆ ಓಣಿಯಲ್ಲಿ ಒಂದು ಪಂಜೆಯನ್ನು ಹಿಡಿಯುವ ಹಕ್ಕು ಪಿಂಜಾರನ ಮನೆತನದ್ದಾಗಿತ್ತು. ಈಗ ಅದನ್ನು ಹಿಡಿಯುವವನು ಪಕ್ಕದ ಓಣಿಯ ಹುಡುಗ. ಅವರ ಮನೆದೇವರು ಹನುಮಂತ. ಅವನ ಅಜ್ಜನ ಕಾಲದಿಂದ ತಮ್ಮಲ್ಲಿದೆ ಎಂದನು. ಅಜ್ಜನಿಗೆ ಯಾರು ಕೊಟ್ಟರು ಎಂಬುದು ಅವನಿಗೂ ಗೊತ್ತಿರಲಿಲ್ಲ.

ಅರಳೆ ಹಿಂಜಿದ ಕೂಲಿ ಆಗ ಹಾಲಿ ಸಿಕ್ಕಾದಲ್ಲಿ ಎರಡು ರೂಪಾಯಿಯಂತೆ. ಏಳು ಹಾಲಿಗೆ ಆರು ಕಲದಾರ ಎಂಬುದು ಅಂದಿನ ವಟ್ಟ. ಆ ನಾಣ್ಯ ಚಲಾವಣೆಯಿಂದ ಹೋಗಿಯೇ ಅರುವತ್ತು ವರ್ಷ ದಾಟಿದೆ. ಆದರೂ ಹಿರಿಯರು ಏನೋ ಲೆಕ್ಕ ಹಾಕಿ ಒಂದಷ್ಟು ಹಣವನ್ನು ಲಕ್ಕೋಟೆಯಲ್ಲಿ ಹಾಕಿಕೊಂಡು ಬಂದಿದ್ದರು. ಆ ಮನೆಯವರು ಸಿಕ್ಕದ ಮೇಲೆ ಅಲಾಯಿಯ ಹುಂಡಿಗೆ ಹಾಕಬಹುದಲ್ಲವೆ ಎಂದು ಊರವರು ಸೂಚಿಸಿದರು. ಅದು ಕಾಣಿಕೆಯಾದೀತೇ ಹೊರತು ಕೂಲಿಯಾಗದೆಂದು ಅವರು ಒಪ್ಪಲಿಲ್ಲ. ಆ ಮನೆಯ ಹೆಣ್ಣುಮಗಳೊಬ್ಬಳನ್ನು ಮುದಗಲ್ಲಿಗೆ ಕೊಟ್ಟಿದ್ದರೆಂದು ಯಾರೋ ಮುದುಕಿ ನೆನಪು ಮಾಡಿಕೊಂಡಳು. ಮರುದಿನ ನಾವು ಮುದಗಲ್ಲಿಗೆ ಹೋಗಿ ಕೋಟೆಯ ಬಾಗಿಲಿನಿಂದ ಆರಂಭಿಸಿ ಸಂಜೆಯವರೆಗೂ ಕೇಳಿದೆವು. ಅಲ್ಲಿಯೂ ತಿಳಿಯಲಿಲ್ಲ. ಲಕ್ಕೋಟೆ ಹುಬ್ಬಳ್ಳಿಗೆ ಮರಳಿತು.